ಒಹಾರುವಿನ ಜೀವನ

ಕೆಂಜಿ ಮಿಜೊಗುಚಿ ನಿರ್ದೇಶಿಸಿದ ಜಪಾನಿ ಚಲನಚಿತ್ರ. ಮೂಲ ಹೆಸರು 'ಸೈಕಾಕು ಇಚಿದೈ ಒನ್ನ'. ಬಿಡುಗಡೆಯಾದದ್ದು 1952ರ ಏಪ್ರಿಲ್ 17ರಂದು. ಇಹಾರಾ ಸೈಕಾಕು 1686ರಲ್ಲಿ ಪ್ರಕಟಿಸಿದ ಗದ್ಯಕೃತಿಯೊಂದು ಇದಕ್ಕೆ ಆಧಾರ. ಕ್ಯೋಟೊದ ಅರಮನೆಯಲ್ಲಿ ಪರಿಚಾರಿಕೆಯಾಗಿದ್ದ ಒಹಾರು ಎಂಬವಳು ಸಾಮಂತ ಪ್ರಭುವಿನ ಉಪಪತ್ನಿ, ಗಣಿಕೆ, ಮನೆಗೆಲಸದವಳು, ಬೀಸಣಿಗೆ ಮಾಡುವವನ ಹೆಂಡತಿ, ಸನ್ಯಾಸಕ್ಕೆ ಕಾದವಳು, ಭಿಕ್ಷುಕಿ, ಬೀದಿಯ ವೇಶ್ಯೆ ಎಂದು ಒಂದೊಂದೇ ಮೆಟ್ಟಿಲು ಕೆಳಗಿಳಿಯುವುದು ಇದರ ಕಥೆ. ಒಹಾರು ಪಾತ್ರದಲ್ಲಿ ಕಿನುಯೊ ತನಾಕ ನಟಿಸಿದ್ದಾರೆ. 1952ರ ವೆನಿಸ್ ಚಿತ್ರೋತ್ಸವದಲ್ಲಿ ಅಂತಾರಾಷ್ಟ್ರೀಯ ಪ್ರಶಸ್ತಿ ಪಡೆದ ಈ ಚಿತ್ರದಿಂದಲೇ ಮಿಜೊಗುಚಿಯ ಹೆಸರು ಯುರೋಪಿನಲ್ಲಿ ನೆಲೆಯೂರಿತು.

ಅದೃಷ್ಟ ಎಳೆದತ್ತ ಹೋಗುವ, ಎದುರಾಡದ ಹೆಣ್ಣಿನ ಚಿತ್ರಣಕ್ಕೆ ಜಪಾನಿ ಸಿನಿಮಾದಿಂದ ಮೊದಲು ಎತ್ತಿಕೊಡುವ ಉದಾಹರಣೆ ಒಹಾರು. ಚಿತ್ರವನ್ನು ನಿಧಾನವಾಗಿ ನೋಡಿದರೆ ಆ ಮಾತು ಅರ್ಧ ಮಾತ್ರ ನಿಜ ಎಂದು ಗೊತ್ತಾಗುತ್ತದೆ. ಒಹಾರುವಿನ ಅಸಹಾಯಕತೆ ಅವಳ ಸ್ವಭಾವವಾಗಿ ಇಲ್ಲಿ ಬರುವುದಿಲ್ಲ. ತಂದೆ, ಪ್ರಭು, ವ್ಯಾಪಾರಿ, ಮಠ, ಕುಲದ ಹಿರಿಯರು ಎಲ್ಲರೂ ಸೇರಿ ಅವಳಿಗೆ ಕೊಡುವ ತೀರ್ಪಾಗಿ ಬರುತ್ತದೆ. ಮೂಲಕೃತಿಯಿಂದ ಚಿತ್ರ ಎಲ್ಲಿ ಬೇರೆಯಾಯಿತು ಎಂಬುದನ್ನು ಗಮನಿಸಿದರೆ ಇದು ಇನ್ನೂ ಸ್ಪಷ್ಟವಾಗುತ್ತದೆ.

ಮೂಲಕೃತಿ

ಇಹಾರಾ ಸೈಕಾಕು (1642–1693) ಒಸಾಕಾದ ವ್ಯಾಪಾರಿ ಸಮಾಜದಿಂದ ಬಂದವನು. ಹೈಕೈ ಕವಿಯಾಗಿ ಹೆಸರು ಮಾಡಿದ ಮೇಲೆ ಗದ್ಯಕ್ಕೆ ತಿರುಗಿದ. 1682ರಲ್ಲಿ ಅವನು ಪ್ರಕಟಿಸಿದ ರಸಿಕ ಪುರುಷನೊಬ್ಬನ ಕಥೆಯಿಂದ 'ಉಕಿಯೊ–ಜೋಶಿ' ಎಂಬ ಪ್ರಕಾರ ಆರಂಭವಾಯಿತು. ಹಣ, ಕಾಮ, ನಾಟಕ, ಸೂಳೆಗೇರಿ, ಪೇಟೆಯ ಮಾತು ಇವುಗಳ ಪ್ರಪಂಚವನ್ನು ಒಳಗಿನವನ ಸಲುಗೆಯಿಂದ ಹೇಳುವ ಸಾಹಿತ್ಯವಿದು. 1686ರಲ್ಲಿ ಬಂದ 'ಕೋಶೊಕು ಇಚಿದೈ ಒನ್ನ' ಅದೇ ಸಾಲಿನದು. ಅದರಲ್ಲಿ ಆರು ಸಂಪುಟ, ಇಪ್ಪತ್ನಾಲ್ಕು ಅಧ್ಯಾಯಗಳಿವೆ.

ಗುಡಿಸಲಿನಂಥ ಆಶ್ರಮದಲ್ಲಿರುವ ಮುದುಕಿಯೊಬ್ಬಳು ತನ್ನನ್ನು ಹುಡುಕಿಕೊಂಡು ಬಂದ ಇಬ್ಬರು ತರುಣರಿಗೆ ತಾನೇ ತನ್ನ ಕಥೆ ಹೇಳುವುದು ಸೈಕಾಕುವಿನ ಕೃತಿಯ ಚೌಕಟ್ಟು. ಅವಳು ಬಾಯಾಳಿ. ಆಸೆ ಇದ್ದವಳು, ಲೆಕ್ಕ ಬಲ್ಲವಳು, ಅವಕಾಶ ಸಿಕ್ಕಲ್ಲಿ ಬಿಡದವಳು. ಅವಳೂ ಕೆಳಗಿಳಿಯುತ್ತಾಳೆ, ಆದರೆ ಇಳಿಜಾರಿನ ಅರ್ಧ ಅವಳೇ ಆರಿಸಿಕೊಂಡದ್ದು. ಪ್ರತಿ ಅಧ್ಯಾಯದಲ್ಲಿ ಹೊಸ ಕಸುಬು, ಹೊಸ ಮನೆ, ಹೊಸ ಗಂಡಸು. ಅದರ ನಡುವೆ ಆ ಕಾಲದ ಅಂಗಡಿಬೀದಿಯ, ಅಂತಃಪುರದ, ಮಠದ ಒಳಗುಟ್ಟು ಬಯಲಾಗುತ್ತದೆ. ಓದುಗನಿಗೆ ಮರುಕಕ್ಕಿಂತ ನಗು ಹೆಚ್ಚು ಬರುವ ಕೃತಿ ಇದು.

ಮಿಜೊಗುಚಿ ಮತ್ತು ಚಿತ್ರಕಥೆಗಾರ ಯೋಶಿಕಾತಾ ಯೋದಾ ಈ ಕೃತಿಯಿಂದ ಘಟನೆಗಳನ್ನು ಮಾತ್ರ ಎತ್ತಿಕೊಂಡು, ದನಿಯನ್ನು ಬಿಟ್ಟರು. ಉಪಪತ್ನಿಯ ಹುಡುಕಾಟ, ಬೋಳುತಲೆಯ ಯಜಮಾನಿ, ವೃದ್ಧ ವೇಶ್ಯೆ, ಐನೂರು ಅರ್ಹತರ (ಬೌದ್ಧ ಸಂತರ) ವಿಗ್ರಹಗಳಲ್ಲಿ ಹಳೆಯ ಪ್ರಿಯರ ಮುಖ ಕಾಣುವುದು ಇವೆಲ್ಲ ಸೈಕಾಕುವಿನವೇ. ಆದರೆ ಕಥೆ ಹೇಳುವ ಹಕ್ಕು ಹೆಂಗಸಿನ ಕೈತಪ್ಪಿದೆ. ಚಿತ್ರದಲ್ಲಿ ಒಹಾರು ಯಾರಿಗೂ ತನ್ನ ಕಥೆ ಹೇಳುವುದಿಲ್ಲ. ಕಥೆ ಅವಳ ನೆನಪಿನಲ್ಲಿ ಮಾತ್ರ ನಡೆಯುತ್ತದೆ.

ನಿರ್ದೇಶಕ

ಮಿಜೊಗುಚಿ (1898–1956) ಹುಟ್ಟಿದ್ದು ಟೋಕಿಯೊದಲ್ಲಿ. ತಂದೆ ಬಡಗಿ. ರಷ್ಯಾ–ಜಪಾನ್ ಯುದ್ಧದ ಕಾಲದಲ್ಲಿ ಸೈನಿಕರಿಗೆ ಮಳೆ ಅಂಗಿ ಮಾರುವ ಸಾಹಸಕ್ಕಿಳಿದು ಕೈಸುಟ್ಟುಕೊಂಡ. ಮನೆ ದಿವಾಳಿಯಾದಾಗ ಅಕ್ಕ ಸುಜುಳನ್ನು ದತ್ತು ಕೊಟ್ಟರು. ಅವಳು ಗೇಶಾ ಮನೆ ಸೇರಿದಳು, ಮುಂದೆ ಶ್ರೀಮಂತ ಮನೆತನದವನೊಬ್ಬನ ಆಶ್ರಯಕ್ಕೆ ಬಂದಳು. ತಾಯಿ ತೀರಿಕೊಂಡ ಮೇಲೆ ತಮ್ಮಂದಿರನ್ನು ಸಾಕಿದವಳೂ ಅವಳೇ. ಮನೆಯ ಸಾಲಕ್ಕೆ ಮನೆಯ ಹೆಣ್ಣು ತೆರುವ ಬೆಲೆ ಮಿಜೊಗುಚಿಗೆ ಪುಸ್ತಕದಿಂದ ತಿಳಿದ ವಿಷಯವಾಗಿರಲಿಲ್ಲ. ಒಹಾರುವಿನ ತಂದೆ ಮಗಳನ್ನು ಮಾರುವ ದೃಶ್ಯದಲ್ಲಿ ಖಳನ ಬಣ್ಣ ಇಲ್ಲದಿರುವುದಕ್ಕೆ ಇದೂ ಒಂದು ಕಾರಣವಿರಬೇಕು.

1936ರ 'ಒಸಾಕಾ ಎಲಿಜಿ', 'ಸಿಸ್ಟರ್ಸ್ ಆಫ್ ದ ಗಿಯೊನ್' ಚಿತ್ರಗಳಿಂದ ಯೋದಾ ಜೊತೆಗಿನ ಸಹಯೋಗ ಆರಂಭವಾಯಿತು. ಆ ಚಿತ್ರಗಳ ನಾಯಕಿಯರು ಗಂಡಸರ ಲೋಕದ ಮೇಲೆ ನೇರವಾಗಿ ಸಿಡಿಯುತ್ತಾರೆ. 1939ರ 'ಕೊನೆಯ ಸೇವಂತಿಗೆಯ ಕಥೆ'ಯ ಹೊತ್ತಿಗೆ ಇನ್ನೊಂದು ಬಗೆಯ ಹೆಣ್ಣು ಬಂದಳು. ಕಬುಕಿ ನಟನೊಬ್ಬನ ಏಳಿಗೆಗೆ ತನ್ನನ್ನೇ ತೇದುಕೊಳ್ಳುವ ಸೇವಕಿ ಅವಳು. ಯುದ್ಧಾನಂತರ 'ರಾತ್ರಿಯ ಹೆಂಗಸರು' (1948) ಚಿತ್ರದಲ್ಲಿ ಬಾಂಬಿಗೆ ನೆಲಸಮವಾದ ಒಸಾಕಾದ ವೇಶ್ಯೆಯರನ್ನು ಅವರು ತೋರಿಸಿದರು. ಈ ಎರಡು ಬಗೆಯ ಹೆಣ್ಣುಗಳೂ, ಸಿಡಿಯುವವಳು ಮತ್ತು ಸಹಿಸುವವಳು, ಒಹಾರುವಿನಲ್ಲಿ ಕೂಡಿಕೊಂಡಿದ್ದಾರೆ.

ನಿರ್ಮಾಣ

ಚಿತ್ರವನ್ನು ನಿರ್ಮಿಸಿದ್ದು ಶಿನ್‌ತೊಹೊ ಸಂಸ್ಥೆ. ತೊಹೊ ಕಂಪನಿಯ ಕಾರ್ಮಿಕ ಮುಷ್ಕರಗಳ ನಡುವೆ 1947ರಲ್ಲಿ ಅದರಿಂದ ಒಡೆದು ಹುಟ್ಟಿದ ಸಂಸ್ಥೆ ಅದು. ಮಿಜೊಗುಚಿ ಸೈಕಾಕುವಿನ ಈ ಕೃತಿಯನ್ನು ತೆರೆಗೆ ತರುವ ಆಸೆಯನ್ನು ಬಹುಕಾಲದಿಂದ ಇಟ್ಟುಕೊಂಡಿದ್ದರು. ಯುದ್ಧಾನಂತರ ಅಮೆರಿಕನ್ ಆಡಳಿತ ಊಳಿಗಮಾನ್ಯ ಕಾಲದ ಕಥೆಗಳನ್ನು ಅನುಮಾನದಿಂದ ನೋಡುತ್ತಿತ್ತು. ಕತ್ತಿ, ಒಡೆಯನಿಗೆ ನಿಷ್ಠೆ, ಸೇಡು ಇವೆಲ್ಲ ಹಳೆಯ ಸೈನಿಕ ಮನೋಭಾವವನ್ನು ಪೋಷಿಸುತ್ತವೆ ಎಂಬುದು ಸೆನ್ಸಾರ್ ಅಧಿಕಾರಿಗಳ ಆತಂಕ. ಸ್ಯಾನ್‌ಫ್ರಾನ್ಸಿಸ್ಕೊ ಒಪ್ಪಂದ ಜಾರಿಗೆ ಬಂದು ಜಪಾನ್ ಮತ್ತೆ ಸ್ವತಂತ್ರವಾದದ್ದು 1952ರ ಏಪ್ರಿಲ್ 28ರಂದು. ಅದಕ್ಕೆ ಹನ್ನೊಂದು ದಿನ ಮೊದಲು ಬಿಡುಗಡೆಯಾದ ಈ ಚಿತ್ರ ಊಳಿಗಮಾನ್ಯ ಕಾಲಕ್ಕೆ ಹಿಂತಿರುಗಿತು. ಆದರೆ ಹೋದದ್ದು ಆ ಕಾಲದ ಕಟ್ಟಳೆಗಳ ಅಡಿಯಲ್ಲಿ ಯಾರು ಸಿಕ್ಕಿ ನಲುಗಿದರು ಎಂದು ನೋಡಲು.

ಇನ್ನೊಂದು ಪ್ರೇರಣೆ ಸ್ಪರ್ಧೆಯದು. 1951ರಲ್ಲಿ ಕುರೊಸಾವಾ ಅವರ 'ರಾಶೊಮೊನ್' ವೆನಿಸ್‌ನಲ್ಲಿ ಚಿನ್ನದ ಸಿಂಹ ಗೆದ್ದಿತ್ತು. ತನಗಿಂತ ಹನ್ನೆರಡು ವರ್ಷ ಕಿರಿಯನಾದ ನಿರ್ದೇಶಕನಿಗೆ ಸಂದ ಆ ಗೌರವ ಮಿಜೊಗುಚಿಯ ಛಲ ಕೆರಳಿಸಿತು. ಚಿತ್ರೀಕರಣಕ್ಕೆ ಸಿಕ್ಕಿದ್ದು ಕ್ಯೋಟೊ ಮತ್ತು ಒಸಾಕಾ ನಡುವಿನ ಹಿರಾಕಾತಾದಲ್ಲಿದ್ದ ಗೋದಾಮಿನಂಥ ಜಾಗ. ಪಕ್ಕದಲ್ಲೇ ರೈಲುಮಾರ್ಗ ಇದ್ದುದರಿಂದ ಗಾಡಿ ಹಾದುಹೋಗುವವರೆಗೆ ಕಾದು, ಮೌನ ಸಿಕ್ಕಾಗ ದೀರ್ಘ ಟೇಕ್‌ಗಳನ್ನು ಮುಗಿಸಬೇಕಾಗುತ್ತಿತ್ತು. ಛಾಯಾಗ್ರಹಣ ಯೋಶಿಮಿ ಹಿರಾನೊ ಅವರದು, ಕಲಾ ನಿರ್ದೇಶನ ಹಿರೋಶಿ ಮಿಜುತಾನಿ ಅವರದು, ಸಂಗೀತ ಇಚಿರೊ ಸೈತೊ ಅವರದು. ಈಗ ಸಾಮಾನ್ಯವಾಗಿ ನೋಡಸಿಗುವ ಪ್ರತಿಯ ಅವಧಿ ಸುಮಾರು 136 ನಿಮಿಷ.

ಕಥೆ

ನಾರಾ ಪಟ್ಟಣದ ಅಂಚಿನಲ್ಲಿ, ನಸುಕಿನ ಹೊತ್ತು. ತಲೆಗೆ ಬಟ್ಟೆ ಸುತ್ತಿಕೊಂಡ ಹೆಂಗಸೊಬ್ಬಳು ನಡೆದುಹೋಗುತ್ತಿದ್ದಾಳೆ, ಕ್ಯಾಮೆರಾ ಅವಳ ಬೆನ್ನ ಹಿಂದೆ ಇದೆ. ಐವತ್ತು ದಾಟುತ್ತಿರುವ ಈ ವೇಶ್ಯೆಗೆ ಆ ರಾತ್ರಿ ಗಿರಾಕಿ ಸಿಕ್ಕಿಲ್ಲ. ಇಪ್ಪತ್ತರ ಹುಡುಗಿಯ ವೇಷ ಹಾಕಿದರೆ ಯಾರು ನಂಬುತ್ತಾರೆ ಎಂದು ಜೊತೆಗಾತಿಯರ ಜೊತೆ ತಾನೇ ಹಗುರಾಗಿ ಮಾತಾಡುತ್ತಾಳೆ. ಪಕ್ಕದ ದೇವಾಲಯಕ್ಕೆ ಹೋಗಿ ಅರ್ಹತರ ವಿಗ್ರಹಗಳ ಸಾಲಿನ ಮುಂದೆ ನಿಂತಾಗ ಒಂದು ಮುಖ ಹಳೆಯ ಪ್ರಿಯನ ಮುಖವಾಗುತ್ತದೆ. ಅಲ್ಲಿಂದ ಕಥೆ ಹಿಂದಕ್ಕೆ ಹೋಗುತ್ತದೆ.

ಆ ಪ್ರಿಯ ಕತ್ಸುನೊಸುಕೆ, ಕೆಳದರ್ಜೆಯ ಸೇವಕ. ಪಾತ್ರದಲ್ಲಿ ತೊಶಿರೊ ಮಿಫುನೆ ಇದ್ದಾರೆ. ಅರಮನೆಯ ಪರಿಚಾರಿಕೆ ತನ್ನ ಅಂತಸ್ತಿಗೆ ಕೆಳಗಿನವನೊಡನೆ ಸಿಕ್ಕಿಬಿದ್ದಾಗ ಅವನಿಗೆ ತಲೆದಂಡ, ಅವಳಿಗೂ ತಂದೆತಾಯಿಗೂ ಕ್ಯೋಟೊದಿಂದ ಗಡಿಪಾರು. ಸಾಯುವ ಮುನ್ನ ಅವನು ಕಳಿಸುವ ಸಂದೇಶದಲ್ಲಿ ಪ್ರೀತಿಸಿದವನನ್ನೇ ಮದುವೆಯಾಗು ಎಂಬ ಮಾತಿದೆ. ಅದನ್ನು ಓದಿದ ಒಹಾರು ಚೂರಿ ಹಿಡಿದು ಬಿದಿರುಮೆಳೆಯೊಳಗೆ ಓಡುತ್ತಾಳೆ, ತಾಯಿ ಹಿಂದೆ ಓಡಿ ಕೈ ಹಿಡಿಯುತ್ತಾಳೆ.

ಎದೊ ನಗರದ ಪ್ರಭು ಮತ್ಸುದೈರಾಗೆ ಮಕ್ಕಳಿಲ್ಲ. ವಂಶ ಬೆಳಗಿಸುವ ಹೆಣ್ಣನ್ನು ಹುಡುಕಿಕೊಂಡು ಅವನ ವೃದ್ಧ ಅಧಿಕಾರಿಯೊಬ್ಬ ಕ್ಯೋಟೊಗೆ ಬರುತ್ತಾನೆ. ಅವನ ಬಳಿ ಹೆಣ್ಣಿನ ಮಾದರಿ ಚಿತ್ರವಿದೆ, ಜೊತೆಗೆ ವಯಸ್ಸು, ಮುಖದ ಆಕಾರ, ಕಿವಿ, ಪಾದದ ಅಳತೆ, ಮಚ್ಚೆ ಇರಕೂಡದೆಂಬ ನಿಬಂಧನೆ ಎಲ್ಲವೂ ಬರೆದ ಪಟ್ಟಿಯಿದೆ. ಸಾಲಾಗಿ ಕೂತ ಹುಡುಗಿಯರನ್ನು ಅವನು ಒಬ್ಬೊಬ್ಬಳಾಗಿ ತಿರಸ್ಕರಿಸುತ್ತ ಹೋಗುತ್ತಾನೆ. ದನದ ಜಾತ್ರೆಯಲ್ಲಿ ಹಲ್ಲು ಎಣಿಸಿ, ಸುಳಿ ನೋಡುವ ರೈತನ ಗಾಂಭೀರ್ಯ ಅವನಲ್ಲಿದೆ. ನಗು ತರಿಸುವಂತೆ ಚಿತ್ರಿಸಿದ ದೃಶ್ಯ ಇದು, ಮತ್ತು ಪಟ್ಟಿಗೆ ಒಹಾರು ಸರಿಹೊಂದಿದ ಕ್ಷಣದಲ್ಲಿ ಆ ನಗು ನಿಲ್ಲುತ್ತದೆ.

ಅವಳು ಗಂಡುಮಗುವನ್ನು ಹೆರುತ್ತಾಳೆ. ಕೆಲಸ ಮುಗಿಯಿತು. ಪ್ರಭು ಅವಳ ಮೇಲಿನ ಮೋಹದಿಂದ ಬಳಲುತ್ತಿದ್ದಾನೆ ಎಂದು ಹಿರಿಯರು ಅವಳನ್ನು ಐದು ರ್‍ಯೊ ಹಣ ಕೊಟ್ಟು ಸಾಗಹಾಕುತ್ತಾರೆ. ಮಗಳ ಅದೃಷ್ಟ ನಂಬಿ ಸಾಲ ಮಾಡಿಕೊಂಡಿದ್ದ ತಂದೆ ಅವಳನ್ನು ಕ್ಯೋಟೊದ ಶಿಮಾಬಾರಾ ಗಣಿಕಾಕೇರಿಗೆ ಮಾರುತ್ತಾನೆ. ಅಲ್ಲಿ ಎಚಿಗೊ ಕಡೆಯ ಹಣವಂತನೊಬ್ಬ ಅವಳನ್ನು ಬಿಡಿಸಿಕೊಂಡು ಹೋಗುವ ಹೊತ್ತಿಗೆ, ಅವನು ಖೋಟಾ ನಾಣ್ಯ ಮಾಡುವವನೆಂದು ಗೊತ್ತಾಗಿ ಸೆರೆಯಾಗುತ್ತಾನೆ. ಬಳಿಕ ಒಹಾರು ಬಟ್ಟೆ ವ್ಯಾಪಾರಿ ಸಾಸಾಯಾ ಕಹೈ ಮನೆಯಲ್ಲಿ ಕೆಲಸಕ್ಕೆ ನಿಲ್ಲುತ್ತಾಳೆ. ಕಾಯಿಲೆಯಿಂದ ಕೂದಲು ಉದುರಿದ ಯಜಮಾನಿಯ ಗುಟ್ಟು ಕಾಯುವುದು ಅವಳ ಕೆಲಸ. ಹಳೆಯ ಕಸುಬು ಹೊರಬಿದ್ದ ಮೇಲೆ ಯಜಮಾನ ಅವಳ ಮೇಲೆ ಕಣ್ಣು ಹಾಕುತ್ತಾನೆ, ಯಜಮಾನಿ ಅವಳ ಕೂದಲು ಕತ್ತರಿಸುತ್ತಾಳೆ.

ಸುಖ ಸಿಗುವುದು ಒಮ್ಮೆ ಮಾತ್ರ. ಬೀಸಣಿಗೆ ಮಾಡುವ ಯಾಕಿಚಿಯನ್ನು (ಜುಕಿಚಿ ಉನೊ) ಮದುವೆಯಾಗಿ ಅಂಗಡಿಯಲ್ಲಿ ಕೂರುತ್ತಾಳೆ. ಕಳ್ಳರು ಅವನನ್ನು ಕೊಲ್ಲುತ್ತಾರೆ, ಸತ್ತವನ ಕೈಯಲ್ಲಿ ಅವಳಿಗೆಂದು ಕೊಂಡ ಸೊಂಟಪಟ್ಟಿ ಇದೆ. ಸನ್ಯಾಸಿನಿಯೊಬ್ಬಳ ಆಶ್ರಯದಲ್ಲಿ ಶಾಂತಿ ಹುಡುಕಿದರೆ, ಬಟ್ಟೆಯ ಬಾಕಿ ವಸೂಲಿಗೆ ಬಂದವನ ಬಲಾತ್ಕಾರವೇ ಅವಳ ಪಾಪವಾಗಿ ಅಲ್ಲಿಂದಲೂ ಹೊರಬೀಳುತ್ತಾಳೆ. ಅವಳಿಗಾಗಿ ಕದ್ದ ಯುವಕನೊಡನೆ ಓಡಿಹೋಗುವ ಯತ್ನವೂ ಮುರಿದುಬೀಳುತ್ತದೆ. ಕೊನೆಗೆ ದೇವಾಲಯದ ಬಾಗಿಲಲ್ಲಿ ಶಾಮಿಸೆನ್ ನುಡಿಸಿ ಬೇಡುತ್ತಿರುವಾಗ ಪಲ್ಲಕ್ಕಿಯಲ್ಲಿ ಬಂದ ಮಗನನ್ನು ದೂರದಿಂದ ಕಾಣುತ್ತಾಳೆ. ಹಸಿದು ಬಿದ್ದವಳನ್ನು ಮೇಲೆತ್ತುವವರು ಬೀದಿಯ ವೇಶ್ಯೆಯರು.

ವರ್ತಮಾನಕ್ಕೆ ಬಂದರೆ, ವಿಗ್ರಹಗಳ ಮುಂದೆ ಕುಸಿದ ಒಹಾರುವನ್ನು ತಾಯಿ ಹುಡುಕಿಕೊಂಡು ಬಂದಿದ್ದಾಳೆ. ಪ್ರಭು ತೀರಿಕೊಂಡಿದ್ದಾನೆ, ಮಗ ಪಟ್ಟಕ್ಕೆ ಬಂದಿದ್ದಾನೆ. ಆಸೆ ಹೊತ್ತು ಹೋದವಳಿಗೆ ಹಿರಿಯರು ಕುಲಕ್ಕೆ ಕಳಂಕ ತಂದೆಯೆಂದು ಬಯ್ದು, ಕಣ್ಮರೆಯಾಗಿ ಬಾಳಬೇಕೆಂದು ಅಪ್ಪಣೆ ಮಾಡುತ್ತಾರೆ. ಮಗನನ್ನು ಒಮ್ಮೆ ದೂರದಿಂದ ನೋಡಬಹುದಷ್ಟೇ. ಒಹಾರು ಅವನ ಹಿಂದೆ ಓಡುತ್ತಾಳೆ, ಕಾವಲಿನವರ ಕೈಗೆ ಸಿಗದೆ ತಪ್ಪಿಸಿಕೊಳ್ಳುತ್ತಾಳೆ. ಕೊನೆಯ ದೃಶ್ಯದಲ್ಲಿ ಅವಳು ಮನೆಮನೆಗೆ ಮಂತ್ರ ಹೇಳಿ ಬೇಡುವ ಸನ್ಯಾಸಿನಿ.

ಕಾಲದ ಕಟ್ಟಳೆ

ಒಹಾರುವಿನ ಕಷ್ಟಗಳು ಕಾಕತಾಳೀಯವಾಗಿ ಒಂದರ ಮೇಲೊಂದು ಬಿದ್ದವಲ್ಲ. ಪ್ರತಿಯೊಂದರ ಹಿಂದೆ ತೊಕುಗಾವಾ ಆಳ್ವಿಕೆಯ ಒಂದೊಂದು ಕಟ್ಟಳೆ ಇದೆ. ಸಮಾಜ ಅಂತಸ್ತುಗಳಾಗಿ ವಿಂಗಡವಾಗಿದ್ದ ಕಾಲದಲ್ಲಿ ಅರಮನೆಯ ಹೆಣ್ಣು ಮತ್ತು ಕೆಳದರ್ಜೆಯ ಸೇವಕನ ಕೂಟ ಖಾಸಗಿ ತಪ್ಪಾಗಿರದೆ ರಾಜ್ಯದ ವಿರುದ್ಧದ ಅಪರಾಧವಾಗುತ್ತಿತ್ತು. ಒಬ್ಬರ ತಪ್ಪಿಗೆ ಮನೆಮಂದಿಯೆಲ್ಲ ದಂಡ ತೆರಬೇಕಿತ್ತು. ಅದರಿಂದಲೇ ತಂದೆತಾಯಿಗೂ ಗಡಿಪಾರು. ವಾರಸುದಾರನಿಲ್ಲದೆ ಪ್ರಭು ಸತ್ತರೆ ಶೋಗುನ್ ಸರಕಾರ ಆ ಮನೆತನದ ಸೀಮೆಯನ್ನೇ ವಶಪಡಿಸಿಕೊಳ್ಳಬಹುದಿತ್ತು. ಸಾವಿರಾರು ಆಳುಗಳ ಅನ್ನ ಒಂದು ಗಂಡುಮಗುವಿನ ಮೇಲೆ ನಿಂತಿರುವಾಗ ಆ ಮಗುವನ್ನು ಹೆರುವ ಹೆಣ್ಣಿನ ಪಾದದ ಅಳತೆಗೂ ಪಟ್ಟಿ ಬೇಕಾಯಿತು. ಹೆರಿಗೆಯಾದ ಮೇಲೆ ಮಗು ಮನೆತನದ ಸೊತ್ತು, ಹೆತ್ತವಳು ಬಾಡಿಗೆಯವಳು.

ಶಿಮಾಬಾರಾ ಕೂಡ ಕಟ್ಟಳೆಯ ಸೃಷ್ಟಿಯೇ. 1640ರ ದಶಕದ ಆರಂಭದಲ್ಲಿ ಸರಕಾರ ಕ್ಯೋಟೊದ ಗಣಿಕಾಕೇರಿಯನ್ನು ಊರ ಪಶ್ಚಿಮದ ಅಂಚಿಗೆ ಸಾಗಿಸಿ, ಸುತ್ತ ಗೋಡೆ ಹಾಕಿಸಿತು. ಒಳಗೆ ಗಣಿಕೆಯರಿಗೂ ದರ್ಜೆಗಳು: ಮೇಲೆ ತಾಯು, ಅದರ ಕೆಳಗೆ ತೆಂಜಿನ್, ಹೀಗೆ ಇಳಿಯುತ್ತ ಹೋಗುವ ಶ್ರೇಣಿ. ಮೇಲಿನ ದರ್ಜೆಯವಳು ವಾದ್ಯ, ಕಾವ್ಯ, ಅಕ್ಷರ, ಚಹಾ ಎಲ್ಲ ಬಲ್ಲವಳಾಗಿರಬೇಕಿತ್ತು. ಅರಮನೆಯ ಶಿಕ್ಷಣ ಪಡೆದ ಒಹಾರುವಿಗೆ ಅಲ್ಲಿ ಬೆಲೆ ಬಂದದ್ದು ಅದಕ್ಕೇ. ಅರಮನೆಗೂ ಸೂಳೆಗೇರಿಗೂ ಹೆಣ್ಣಿನಿಂದ ಬೇಕಾದ ವಿದ್ಯೆಗಳು ಹೆಚ್ಚುಕಡಿಮೆ ಒಂದೇ ಆಗಿದ್ದವು ಎಂಬುದನ್ನು ಚಿತ್ರ ಯಾರ ಬಾಯಲ್ಲೂ ಹೇಳಿಸದೆ ತೋರಿಸುತ್ತದೆ.

ದೃಶ್ಯಶೈಲಿ

ಒಂದು ದೃಶ್ಯಕ್ಕೆ ಸಾಧ್ಯವಾದಷ್ಟು ಒಂದೇ ಶಾಟ್ ಎಂಬುದು ಮಿಜೊಗುಚಿಯ ರೀತಿ. ಕ್ಯಾಮೆರಾ ಪಾತ್ರಗಳಿಂದ ದೂರ ನಿಲ್ಲುತ್ತದೆ. ಅನೇಕ ಸಲ ಕ್ರೇನಿನ ಮೇಲೇರಿ ಕೆಳಗೆ ನೋಡುತ್ತದೆ, ಪಾತ್ರ ಸರಿದಂತೆ ತಾನೂ ಸರಿಯುತ್ತದೆ. ಕ್ಲೋಸ್‌ಅಪ್ ಬಹಳ ಅಪರೂಪ. ಕಣ್ಣೀರಿನ ಹತ್ತಿರ ಹೋಗುವುದನ್ನು ಬಿಟ್ಟು, ಅಳುವವಳು ಯಾವ ಕೋಣೆಯಲ್ಲಿ, ಯಾರ ನಡುವೆ, ಯಾವ ಅಂತಸ್ತಿನ ಚಾಪೆಯ ಮೇಲೆ ಕೂತಿದ್ದಾಳೆ ಎಂಬುದನ್ನು ಒಟ್ಟಿಗೆ ಕಾಣಿಸುತ್ತದೆ.

ಗಡಿಪಾರಿನ ದೃಶ್ಯ ಇದಕ್ಕೆ ಮಾದರಿ. ತೀರ್ಪಿನ ಬಳಿಕ ಒಹಾರು ಮತ್ತು ತಂದೆತಾಯಿ ಸೇತುವೆ ದಾಟಿ ಊರು ಬಿಡುತ್ತಾರೆ. ಬೀಳ್ಕೊಡುವವರ ಜೊತೆ ಈಚೆ ದಡದಲ್ಲಿ ಉಳಿಯುವ ಕ್ಯಾಮೆರಾ ಕೆಳಗೆ ಬಾಗಿ, ಸೇತುವೆಯ ಅಡಿಯಿಂದ ಆಚೆ ದಡವನ್ನು ನೋಡುತ್ತದೆ. ಬಯಲಿನಲ್ಲಿ ದೂರವಾಗುತ್ತಿರುವ ಮೂವರು ಅಲ್ಲಿ ಅಂಗೈಯಷ್ಟಾಗಿ ಕಾಣುತ್ತಾರೆ. ಗಡಿ ಎಂದರೆ ಏನೆಂದು ಪ್ರೇಕ್ಷಕನಿಗೆ ಅರ್ಥವಾಗುವುದು ತಾನೂ ದಾಟಲಾರದೆ ನಿಂತಾಗ. ಕತ್ಸುನೊಸುಕೆಯ ಮರಣದಂಡನೆಯಲ್ಲೂ ಅದೇ ಸಂಯಮ. ತಲೆ ಉರುಳುವುದನ್ನು ತೋರಿಸದೆ ದೃಷ್ಟಿ ಕತ್ತಿಯ ಅಲಗಿನ ಮೇಲೆ ನಿಲ್ಲುತ್ತದೆ.

ಪ್ರಭುವಿನ ಮನೆಯಲ್ಲಿ ಬುನ್‌ರಾಕು ಗೊಂಬೆಯಾಟ ನಡೆಯುವ ದೃಶ್ಯವೂ ಗಮನಾರ್ಹ. ಪ್ರಭು, ಪಟ್ಟದ ಹೆಂಡತಿ, ಹೊಸದಾಗಿ ಬಂದ ಒಹಾರು ಒಂದೇ ಸಭೆಯಲ್ಲಿದ್ದಾರೆ. ರಂಗದ ಮೇಲೆ ಗೊಂಬೆಗಳು ಮತ್ಸರದ ಕಥೆ ಆಡುತ್ತಿವೆ. ಬುನ್‌ರಾಕುದಲ್ಲಿ ಗೊಂಬೆಯಾಡಿಸುವವರು ಮರೆಯಲ್ಲಿರುವುದಿಲ್ಲ, ಪ್ರೇಕ್ಷಕರ ಕಣ್ಣೆದುರೇ ಇರುತ್ತಾರೆ. ಚಿತ್ರದ ಒಟ್ಟು ವಿನ್ಯಾಸವೂ ಹಾಗೆಯೇ. ಒಹಾರುವನ್ನು ಆಡಿಸುವ ಕೈಗಳನ್ನು ಮಿಜೊಗುಚಿ ಎಲ್ಲಿಯೂ ಚೌಕಟ್ಟಿನಿಂದ ಹೊರಗಿಡುವುದಿಲ್ಲ.

ಒಹಾರುವಿನ ಪ್ರತಿರೋಧ

ಕೊನೆಯದನ್ನು ಬಿಟ್ಟರೆ ತನ್ನ ಬದುಕಿನ ದೊಡ್ಡ ತಿರುವುಗಳಲ್ಲಿ ಒಂದನ್ನೂ ಒಹಾರು ನಿರ್ಧರಿಸುವುದಿಲ್ಲ. ತಂದೆ ಮಾರುತ್ತಾನೆ, ಅಧಿಕಾರಿ ಆರಿಸುತ್ತಾನೆ, ಹಿರಿಯರು ಅಟ್ಟುತ್ತಾರೆ, ಸನ್ಯಾಸಿನಿ ಹೊರಹಾಕುತ್ತಾಳೆ. ಹೀಗಿದ್ದೂ ಪ್ರತಿ ಹಂತದಲ್ಲಿ ಅವಳು ಸಣ್ಣದೊಂದು ತಕರಾರು ಬಿಟ್ಟುಹೋಗುತ್ತಾಳೆ. ಶಿಮಾಬಾರಾದಲ್ಲಿ ಎಚಿಗೊದವನು ಚಿನ್ನದ ನಾಣ್ಯ ಎರಚಿದಾಗ ಮನೆಯವರೆಲ್ಲ ನೆಲದ ಮೇಲೆ ಬಿದ್ದು ಬಾಚಿಕೊಳ್ಳುತ್ತಾರೆ, ಅವಳೊಬ್ಬಳು ಬಾಗುವುದಿಲ್ಲ. ಆ ನಾಣ್ಯಗಳು ಖೋಟಾ ಎಂದು ಬಳಿಕ ತಿಳಿದಾಗ, ಆ ಮನೆಯಲ್ಲಿ ಮೋಸಹೋಗದೆ ಉಳಿದವಳು ಅವಳೇ. ಸಾಸಾಯಾ ಮನೆಯಲ್ಲಿ ಕೂದಲು ಕತ್ತರಿಸಿದ ಯಜಮಾನಿಗೆ ಅವಳು ಬಾಯಿಮಾತಿನ ಉತ್ತರ ಕೊಡುವುದಿಲ್ಲ. ರಾತ್ರಿ ಬೆಕ್ಕೊಂದನ್ನು ಒಳಗೆ ಬಿಡುತ್ತಾಳೆ, ಅದು ಯಜಮಾನಿಯ ಹುಸಿಗೂದಲನ್ನು ಕಚ್ಚಿ ಎಳೆಯುತ್ತದೆ, ಗಂಡನೆದುರು ಗುಟ್ಟು ಬಯಲಾಗುತ್ತದೆ.

ಎಲ್ಲಕ್ಕಿಂತ ತೀಕ್ಷ್ಣವಾದದ್ದು ಯಾತ್ರಿಕರ ದೃಶ್ಯ. ಮುದುಕನೊಬ್ಬ ಗಿರಾಕಿಯಂತೆ ಒಹಾರುವನ್ನು ಛತ್ರಕ್ಕೆ ಕರೆದೊಯ್ಯುತ್ತಾನೆ. ಒಳಗೆ ಯುವಕ ಯಾತ್ರಿಕರ ಗುಂಪಿದೆ. ದೀಪವನ್ನು ಅವಳ ಮುಖದ ಹತ್ತಿರ ಹಿಡಿದು, ಈ ಮಾಯಾಬೆಕ್ಕನ್ನು ನೋಡಿದ ಮೇಲೂ ಹೆಣ್ಣಿನ ಆಸೆ ಉಳಿಯುತ್ತದೆಯೇ ಎಂದು ಕೇಳುತ್ತಾನೆ. ಅವರ ವೈರಾಗ್ಯಕ್ಕೆ ಅವಳು ಪಾಠದ ವಸ್ತು. ಹಣ ಪಡೆದು ಹೊರಟ ಒಹಾರು ಬಾಗಿಲಿನಿಂದ ತಿರುಗಿ, ಕೈಯನ್ನು ಪಂಜದಂತೆ ಎತ್ತಿ, ಬೆಕ್ಕಿನಂತೆ ಅವರ ಮೇಲೆ ಹಾಯುತ್ತಾಳೆ. ತನಗೆ ಕೊಟ್ಟ ವೇಷವನ್ನು ಕೊಟ್ಟವರ ಮುಖಕ್ಕೇ ಹಿಡಿಯುವ ಆ ಕ್ಷಣದಲ್ಲಿ ಸೈಕಾಕುವಿನ ಬಾಯಾಳಿ ಮುದುಕಿ ಚಿತ್ರದೊಳಗೆ ಒಮ್ಮೆ ಇಣುಕಿ ಹೋಗುತ್ತಾಳೆ.

ಕೊನೆಯ ಓಟವೂ ಇದೇ ಸಾಲಿಗೆ ಸೇರುತ್ತದೆ. ಹಿರಿಯರು ಅವಳಿಗೆ ಊಟ, ಬಟ್ಟೆ, ಸೂರು ಕೊಡಲು ಸಿದ್ಧರಿದ್ದಾರೆ. ಬದಲಿಗೆ ಅವಳು ಇಲ್ಲದವಳಾಗಿ ಬಾಳಬೇಕು. ಭಿಕ್ಷೆಯ ಬಟ್ಟಲನ್ನು ಆರಿಸಿಕೊಂಡದ್ದು ಇಡೀ ಚಿತ್ರದಲ್ಲಿ ಅವಳು ಸ್ವಂತ ಮಾಡಿದ ಏಕೈಕ ದೊಡ್ಡ ನಿರ್ಧಾರ.

ಅಭಿನಯ

ಕಿನುಯೊ ತನಾಕ (1909–1977) ಮೂಕಿ ಚಿತ್ರಗಳ ಕಾಲದಲ್ಲಿ, 1924ರಲ್ಲಿ ತೆರೆಗೆ ಬಂದವರು. ಜಪಾನಿನ ಮೊದಲ ಪೂರ್ಣ ವಾಕ್ಚಿತ್ರವೆನಿಸಿದ 'ನೆರೆಮನೆಯ ಹೆಂಡತಿ ಮತ್ತು ನನ್ನವಳು' (1931) ಚಿತ್ರದಲ್ಲೂ ಅವರಿದ್ದರು. ಮಿಜೊಗುಚಿ ಜೊತೆ ಅವರ ಮೊದಲ ಚಿತ್ರ 1940ರ 'ನಾನಿವಾ ಒನ್ನ'. 1949ರ ಕೊನೆಗೆ ಸದ್ಭಾವನಾ ಪ್ರತಿನಿಧಿಯಾಗಿ ಅಮೆರಿಕಕ್ಕೆ ಹೋಗಿ, ಮರುವರ್ಷ ಆಧುನಿಕ ಉಡುಪಿನಲ್ಲಿ ಹಿಂತಿರುಗಿದಾಗ ಜಪಾನಿನ ಪತ್ರಿಕೆಗಳು ಅವರನ್ನು ಗೇಲಿ ಮಾಡಿದವು. ಅವರ ಕಾಲ ಮುಗಿಯಿತೆಂಬ ಮಾತು ಹಬ್ಬಿತು. ಒಹಾರು ಪಾತ್ರ ಸಿಕ್ಕಿದ್ದು ಆ ಇಳಿಗಾಲದಲ್ಲಿ.

ನಲವತ್ತೆರಡರ ನಟಿ ಹದಿಹರೆಯದಿಂದ ಐವತ್ತರವರೆಗಿನ ಹೆಣ್ಣನ್ನು ಅಭಿನಯಿಸಬೇಕಿತ್ತು. ಕ್ಲೋಸ್‌ಅಪ್‌ಗಳ ನೆರವಿಲ್ಲದ ಶೈಲಿಯಲ್ಲಿ ವಯಸ್ಸು ಮುಖಕ್ಕಿಂತ ನಡಿಗೆಯಲ್ಲಿ ಕಾಣಬೇಕು. ಅರಮನೆಯ ಒಹಾರು ಸೆಟೆದು, ಉಡುಪಿನ ಭಾರವನ್ನು ಹೊತ್ತು ನಡೆಯುತ್ತಾಳೆ. ಅಂಗಡಿಯ ಒಹಾರುವಿನ ಹೆಜ್ಜೆ ಚುರುಕು. ಬೀದಿಯ ಒಹಾರು ಮುಂದಕ್ಕೆ ಬಾಗಿ, ಕಾಲೆಳೆದು ನಡೆಯುತ್ತಾಳೆ. ಮೊದಲ ಶಾಟ್‌ನಲ್ಲಿ ಬೆನ್ನು ಮಾತ್ರ ಕಂಡರೂ ಅವಳ ಬದುಕು ಅರ್ಧ ತಿಳಿದುಹೋಗುವುದು ಈ ಕಾರಣಕ್ಕೆ.

ಸ್ವಾಗತ ಮತ್ತು ವಿಮರ್ಶೆ

ಜಪಾನಿನಲ್ಲಿ ಚಿತ್ರಕ್ಕೆ ದೊರೆತದ್ದು ಗೌರವದ, ಆದರೆ ಬಿಸುಪಿಲ್ಲದ ಸ್ವಾಗತ. 'ಕಿನೆಮಾ ಜುಂಪೊ' ಪತ್ರಿಕೆಯ 1952ರ ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿ ಕುರೊಸಾವಾರ 'ಇಕಿರು' ಮೊದಲ ಸ್ಥಾನ ಪಡೆದರೆ, ಇದು ಒಂಬತ್ತನೆಯದಾಯಿತು. ವೆನಿಸ್‌ನಲ್ಲಿ ಕಥೆ ಬೇರೆಯಾಯಿತು. ಅಂತಾರಾಷ್ಟ್ರೀಯ ಪ್ರಶಸ್ತಿಯ ಬೆನ್ನಿಗೇ 1953ರಲ್ಲಿ 'ಉಗೆತ್ಸು', 1954ರಲ್ಲಿ 'ಸಾನ್ಶೊ ದಾಯು' ಬೆಳ್ಳಿ ಸಿಂಹ ಪಡೆದವು. ಫ್ರಾನ್ಸಿನ 'ಕಹಿಯೆ ದು ಸಿನೆಮಾ' ಪತ್ರಿಕೆಯ ತರುಣ ವಿಮರ್ಶಕರು, ಅವರಲ್ಲೂ ಜಾಕ್ ರಿವೆಟ್ ಮತ್ತು ಗೊದಾರ್, ಮಿಜೊಗುಚಿಯ ಪರ ಗಟ್ಟಿಯಾಗಿ ನಿಂತರು. ಅವರಿಗೆ ಹಿಡಿಸಿದ್ದು ಕಥೆಯ ವಿದೇಶಿ ಬಣ್ಣವಲ್ಲ, ಕ್ಯಾಮೆರಾದ ಚಲನೆಯೇ ನೈತಿಕ ನಿಲುವಾಗುವ ಬಗೆ.

ಚಿತ್ರದ ಮೇಲಿನ ಮುಖ್ಯ ಆಕ್ಷೇಪ ಅದರ ನಾಯಕಿಯ ಬಗ್ಗೆಯೇ. ಹೆಣ್ಣಿನ ನೋವನ್ನು ಇಷ್ಟು ಸುಂದರವಾಗಿ ಕಟ್ಟಿಕೊಡುವುದರಲ್ಲಿ ಆ ನೋವನ್ನು ಆರಾಧಿಸುವ ಅಪಾಯ ಇಲ್ಲವೇ? ಸೈಕಾಕುವಿನ ಹೆಣ್ಣಿಗಿದ್ದ ಆಸೆ, ನಗು, ಚಾಲಾಕಿ ಕಿತ್ತುಕೊಂಡು ಅವಳನ್ನು ಕರುಣೆಯ ಮೂರ್ತಿಯಾಗಿಸಿದ್ದು ಗಂಡಸಿನ ಪಶ್ಚಾತ್ತಾಪಕ್ಕೆ ಒದಗಿಬಂದ ಅನುಕೂಲವಲ್ಲವೇ? ಸ್ತ್ರೀವಾದಿ ವಿಮರ್ಶಕರು ಎತ್ತಿದ ಈ ಪ್ರಶ್ನೆಗಳಲ್ಲಿ ಹುರುಳಿದೆ. ಬೀಸಣಿಗೆಯವನ ಸಾವಿನಂಥ ಕಡೆ ವಿಧಿಯ ಕೈವಾಡ ಅತಿಯಾಯಿತು ಎನ್ನಿಸುವುದೂ ಸುಳ್ಳಲ್ಲ. ಮೇಲೆ ಹೇಳಿದ ತಕರಾರಿನ ಕ್ಷಣಗಳು ಈ ಆಕ್ಷೇಪವನ್ನು ಪೂರ್ತಿ ತಳ್ಳಿಹಾಕಲಾರವು. ಆದರೆ ಚಿತ್ರಕ್ಕೆ ತನ್ನ ಅಪಾಯದ ಅರಿವಿತ್ತು ಎಂಬುದಕ್ಕೆ ಅವು ಸಾಕ್ಷಿ.

ಇದೇ ದಾರಿಯ ಚಿತ್ರಗಳು

ಮಿಕಿಯೊ ನರುಸೆ ಅವರ 'ತೇಲುವ ಮೋಡಗಳು' (1955) ಚಿತ್ರದ ಯುಕಿಕೊ ಯುದ್ಧಾನಂತರದ ಒಹಾರು. ಫುಮಿಕೊ ಹಯಾಶಿ ಅವರ ಕಾದಂಬರಿಯನ್ನು ಆಧರಿಸಿದ ಈ ಚಿತ್ರದಲ್ಲಿ ಹಿದೆಕೊ ತಕಾಮಿನೆ ನಟಿಸಿದ್ದಾರೆ. ಇಂಡೋಚೀನಾದಲ್ಲಿ ಶುರುವಾದ ಪ್ರೇಮವನ್ನು ಬಿಡಲಾರದೆ ಯುಕಿಕೊ ಅಯೋಗ್ಯನೊಬ್ಬನ ಹಿಂದೆ ಯಾಕುಶಿಮಾ ದ್ವೀಪದವರೆಗೆ ಹೋಗಿ ಸಾಯುತ್ತಾಳೆ. ಅವಳನ್ನು ಯಾರೂ ಮಾರಲಿಲ್ಲ. ಅವಳನ್ನು ಕಟ್ಟಿಹಾಕಿದ್ದು ಅವಳದೇ ಮೋಹ. ಹಿರೊಕಾಜು ಕೊರೆ–ಎದಾ ಅವರ ಮೊದಲ ಕಥಾಚಿತ್ರ 'ಮಾಬೊರೊಶಿ' (1995) ಗಂಡನ ಆತ್ಮಹತ್ಯೆಗೆ ಕಾರಣ ತಿಳಿಯದೆ, ನೋತೊ ಪರ್ಯಾಯದ್ವೀಪದ ಮೀನುಗಾರರ ಊರಿನಲ್ಲಿ ಎರಡನೆಯ ಮದುವೆಯಾಗಿ ಮೌನವಾಗಿ ಬಾಳುವ ಯುಮಿಕೊಳದ್ದು. ಅಲ್ಲೂ ಕ್ಯಾಮೆರಾ ದೂರ ನಿಲ್ಲುತ್ತದೆ, ಆದರೆ ಅದು ಕಾಣಿಸುವುದು ಸಮಾಜದ ಕಟ್ಟಳೆಯನ್ನಲ್ಲ, ದುಃಖದ ಏಕಾಂತವನ್ನು.

ನೇರ ಪ್ರತ್ಯುತ್ತರ ಬಂದದ್ದು ಶೊಹೈ ಇಮಾಮುರಾ ಅವರಿಂದ. ಒಹಾರು, ಯುಕಿಕೊರಂತೆ ತಮ್ಮನ್ನೇ ತೇದುಕೊಳ್ಳುವ ಹೆಂಗಸರು ವಾಸ್ತವದಲ್ಲಿ ಇಲ್ಲವೆಂಬುದು ಅವರ ವಾದ. 'ಕೀಟ ಹೆಣ್ಣು' (1963) ಚಿತ್ರದ ತೊಮೆ ಹಳ್ಳಿಯಿಂದ ಹೊರಟು ಕಾರ್ಖಾನೆ, ಮನೆಗೆಲಸ, ವೇಶ್ಯಾವೃತ್ತಿ ಎಲ್ಲವನ್ನೂ ಹಾದು ತಾನೇ ದಂಧೆ ನಡೆಸುವವಳಾಗುತ್ತಾಳೆ. ಹಂತಗಳು ಬಹುಪಾಲು ಒಹಾರುವಿನವೇ, ಜೀವ ಬೇರೆ. ತೊಮೆಯಾಗಿ ನಟಿಸಿದ ಸಚಿಕೊ ಹಿದಾರಿ ಅವರಿಗೆ 1964ರಲ್ಲಿ ಬರ್ಲಿನ್‌ನ ಶ್ರೇಷ್ಠ ನಟಿ ಪ್ರಶಸ್ತಿ ಬಂದಿತು. ಒಂದು ಬಗೆಯಲ್ಲಿ ಇಮಾಮುರಾ, ಮಿಜೊಗುಚಿ ಬಿಟ್ಟುಬಿಟ್ಟ ಸೈಕಾಕುವಿನ ಹೆಣ್ಣನ್ನು ಮರಳಿ ಕರೆತಂದರು.

ಮಿಜೊಗುಚಿಯ ಕೊನೆಯ ಚಿತ್ರ 'ಅವಮಾನದ ಬೀದಿ' (1956) ಟೋಕಿಯೊದ ಯೋಶಿವಾರಾದ ವೇಶ್ಯೆಯರದು. ಅದು ತೆರೆಗೆ ಬಂದ ಕೆಲವೇ ತಿಂಗಳಲ್ಲಿ ಜಪಾನಿನ ಸಂಸತ್ತು ವೇಶ್ಯಾವೃತ್ತಿ ನಿಷೇಧ ಕಾಯಿದೆಯನ್ನು ಅಂಗೀಕರಿಸಿತು, ಅದೇ ವರ್ಷ ಆಗಸ್ಟ್‌ನಲ್ಲಿ ಮಿಜೊಗುಚಿ ಕ್ಯೋಟೊದಲ್ಲಿ ತೀರಿಕೊಂಡರು. ಆ ಹೊತ್ತಿಗೆ ಕಿನುಯೊ ತನಾಕ ಸ್ವತಃ ನಿರ್ದೇಶಕಿಯಾಗಿದ್ದರು. 1953ರ 'ಪ್ರೇಮಪತ್ರ' ಅವರ ಮೊದಲ ಚಿತ್ರ. ನಿರ್ದೇಶಕ ಒಜು ತಮ್ಮ ಚಿತ್ರಕಥೆಯೊಂದನ್ನು ಕೊಟ್ಟು ಅವರ ಬೆನ್ನಿಗೆ ನಿಂತರೆ, ನಿರ್ದೇಶಕರ ಸಂಘದ ಮುಖ್ಯಸ್ಥರಾಗಿದ್ದ ಮಿಜೊಗುಚಿ, ತನಾಕ ನಿರ್ದೇಶನಕ್ಕಿಳಿಯುವುದನ್ನು ವಿರೋಧಿಸಿದರು. ತೆರೆಯ ಮೇಲೆ ಹೆಣ್ಣಿನ ಪರಾಧೀನತೆಗಾಗಿ ಮರುಗಿದವರೇ ತೆರೆಯ ಹಿಂದೆ ಅಡ್ಡ ನಿಂತದ್ದನ್ನು ಮಿಜೊಗುಚಿಯ ಜೀವನಚರಿತ್ರೆ ಮರೆಸಲಾರದು. ತನಾಕ ಒಟ್ಟು ಆರು ಚಿತ್ರ ಮಾಡಿದರು. ಅವುಗಳಲ್ಲಿ ಸುಮಿಯೆ ತನಾಕ ಅವರ ಚಿತ್ರಕಥೆಯ 'ಹೆಂಗಸರದೇ ರಾತ್ರಿ' (1961), ಹೊಸ ಕಾಯಿದೆಯ ನಂತರ ಸುಧಾರಣಾ ಗೃಹದಿಂದ ಹೊರಬಂದ ಯುವತಿಯೊಬ್ಬಳು ಕೆಲಸ ಹುಡುಕುವ ಕಥೆ. ಹಳೆಯ ಕಸುಬು ಗೊತ್ತಾದ ಕಡೆಯೆಲ್ಲ ಅವಳಿಗೂ ಬಾಗಿಲು ಮುಚ್ಚುತ್ತದೆ. ಒಹಾರುವಾಗಿ ಆ ಬಾಗಿಲುಗಳ ಮುಂದೆ ನಿಂತಿದ್ದ ನಟಿ, ಒಂಬತ್ತು ವರ್ಷಗಳ ಬಳಿಕ ಅದೇ ಹೆಣ್ಣನ್ನು ಕ್ಯಾಮೆರಾದ ಹಿಂದಿನಿಂದ ನೋಡಿದರು. ಎರಡೂ ಚಿತ್ರಗಳನ್ನು ಜೊತೆಗಿಟ್ಟು ನೋಡಿದರೆ 'ಒಹಾರುವಿನ ಜೀವನ'ದ ಶಕ್ತಿಯೂ ಮಿತಿಯೂ ಒಟ್ಟಿಗೆ ತಿಳಿಯುತ್ತವೆ.